ಅಕ್ಕನ ಕೈಲೆಕ್ಕ ಮತ್ತು ಷೋಡಶಮಾನ

ಷೋಡಶಮಾನ ಎಂಬ ಮಾತನ್ನು ಬಾಯ್ತುಂಬ ಆಡಿದವರು ನಾನು ಬಲ್ಲಂತೆ ಮೂರೇ ಜನ. ಒಬ್ಬರು ಅದನ್ನು ಹುಟ್ಟಿಸಿದ ಶಾಲಾ ಇನ್‌ಸ್ಪೆಕ್ಟರ್ ಸಾಹೇಬರು, ಇನ್ನೊಬ್ಬ ಅವರ ಹಿಂದೆ ಹಲ್ಲುಗಿಂಜುತ್ತ ತಿರುಗುತ್ತಿದ್ದ ನಾನು, ಮತ್ತೊಬ್ಬಳು ನನ್ನ ಅಕ್ಕ. ಮಿಕ್ಕವರೆಲ್ಲ ಅದನ್ನು ಆಡಿದ್ದು ಹೆದರಿಕೆಗೆ. ಆ ಮಾತಿನಿಂದ ಮೊದಲ ಇಬ್ಬರಿಗೆ ಒಳ್ಳೆಯದೇ ಆಯಿತು.

ಅರ್ಥವನ್ನು ಈಗಲೇ ಹೇಳಿಬಿಡುತ್ತೇನೆ, ಏಕೆಂದರೆ ಅದರಲ್ಲಿ ಗುಟ್ಟೇನೂ ಇಲ್ಲ. ಹತ್ತು ತುಂಬಿದಾಗ ಒಂದು ಮನೆ ಮುಂದೆ ಹೋಗುವ ಎಣಿಕೆ ದಶಮಾನ. ಹದಿನಾರು ತುಂಬಿದಾಗ ಮುಂದೆ ಹೋಗುವುದು ಷೋಡಶಮಾನ. ಹದಿನಾರು ಆಣೆಗೆ ರೂಪಾಯಿ, ಹದಿನಾರು ಚಟಾಕಿಗೆ ಸೇರು ಇದ್ದ ಕಾಲ ಅದು. ಶ್ಯಾನುಭೋಗರು ಬೆಳೆ ನೋಡಲು ಬಂದರೆ ಆರಾಣೆ ಬೆಳೆ, ಎಂಟಾಣೆ ಬೆಳೆ ಎಂದೇ ಬರೆದುಕೊಂಡು ಹೋಗುತ್ತಿದ್ದರು. ಚಳ್ಳಕೆರೆಯ ಸಂತೆಯಲ್ಲಿ ಎಣ್ಣೆ ಅಳೆಯುವ ಮುದುಕಿಯೂ ಇಡೀ ದಿನ ಹದಿನಾರರಲ್ಲೇ ಬದುಕುತ್ತಿದ್ದಳು. ತಾನು ಮಾಡುತ್ತಿರುವುದು ಷೋಡಶಮಾನ ಎಂಬುದು ಅವಳಿಗೆ ಗೊತ್ತಿರಲಿಲ್ಲ. ಗೊತ್ತಿರದ ಕಾರಣ ಲೆಕ್ಕ ತಪ್ಪುತ್ತಲೂ ಇರಲಿಲ್ಲ.

ನಾನಾಗ ಚಳ್ಳಕೆರೆಯ ಪಾಠಶಾಲೆಯಲ್ಲಿ ಹಂಗಾಮಿ ಉಪಾಧ್ಯಾಯ. ನಮ್ಮ ಮನೆ ಮೊಳಕಾಲ್ಮೂರಿನಲ್ಲಿ. ತಲೆತಲಾಂತರದಿಂದ ರೇಷ್ಮೆ ಸೀರೆ ನೇಯುವವರು ನಾವು. ಮನೆಯಲ್ಲಿ ತೆಲುಗು, ಪೇಟೆಯಲ್ಲಿ ಕನ್ನಡ. ಮಗ್ಗ ಬಿಟ್ಟು ಲೇಖಣಿ ಹಿಡಿದವನು ನಮ್ಮ ವಂಶದಲ್ಲಿ ನಾನೇ ಮೊದಲು. ಆ ಗರ್ವಕ್ಕೆ ಮನೆಯಲ್ಲೂ ಪೇಟೆಯಲ್ಲೂ ಪುಸ್ತಕದ ಕನ್ನಡವನ್ನೇ ಆಡುತ್ತಿದ್ದೆ. ಎರಡೂ ಕಡೆಯವರು ನನ್ನನ್ನು ಕಂಡರೆ ಬೇಗ ಮಾತು ಮುಗಿಸುತ್ತಿದ್ದರು. ಅಕ್ಕ ಒಬ್ಬಳು ನನಗಾಗಿ ಮನೆಯಲ್ಲೂ ಪೇಟೆಯ ಕನ್ನಡ ಆಡುತ್ತಿದ್ದಳು.

ಇನ್‌ಸ್ಪೆಕ್ಟರ್ ಸಾಹೇಬರು ಒಂದು ಕಿರುಹೊತ್ತಿಗೆ ಬರೆದಿದ್ದರು. ಅದರ ಮೊದಲ ವಾಕ್ಯ ನನಗೆ ಇಂದಿಗೂ ಬಾಯಿಪಾಠ: ಷೋಡಶಮಾನವೆಂದರೆ ಷೋಡಶ ಸಂಖ್ಯೆಯನ್ನು ಮೂಲವಾಗಿ ಉಳ್ಳಂಥ, ಏಕಸ್ಥಾನದಿಂದ ಊರ್ಧ್ವಸ್ಥಾನಕ್ಕೆ ಷೋಡಶಗುಣವೃದ್ಧಿಯನ್ನು ಪಡೆಯತಕ್ಕಂಥ ಗಣನಾಕ್ರಮವು. ಈ ವಾಕ್ಯವನ್ನು ಉಸಿರು ಬಿಡದೆ ಹೇಳಿದ ಶಾಲೆಗೆ ಷರಾ ಪುಸ್ತಕದಲ್ಲಿ ಉತ್ತಮ ಎಂದು ಬೀಳುತ್ತಿತ್ತು. ಮಧ್ಯೆ ಉಸಿರು ಬಿಟ್ಟವರಿಗೆ ಸಾಧಾರಣ. ತಾಲ್ಲೂಕಿನ ಉಪಾಧ್ಯಾಯರೆಲ್ಲ ಎರಡು ವರ್ಷ ಮಕ್ಕಳಿಗೆ ಉಸಿರು ಹಿಡಿಯುವುದನ್ನು ಕಲಿಸಿದೆವು.

ಮಾತಿನ ಬಳಕೆ ಶಾಲೆಯ ಹೊರಗೆ ಹೇಗಿತ್ತು ಎಂಬುದಕ್ಕೂ ನಾನು ಸಾಕ್ಷಿ. ಒಮ್ಮೆ ನನ್ನಿವಾಳದ ಶಾಲೆ ನೋಡಿಕೊಂಡು ಬರುವಾಗ ದಾರಿಯಲ್ಲಿ ಕುರಿ ಮೇಯಿಸುತ್ತಿದ್ದ ಒಬ್ಬ ಹಿರಿಯನನ್ನು ಸಾಹೇಬರು ನಿಲ್ಲಿಸಿದರು. ನಿನ್ನ ಕುರಿಗಳನ್ನು ದಶಮಾನದಲ್ಲಿ ಎಣಿಸುತ್ತೀಯೋ ಷೋಡಶಮಾನದಲ್ಲೋ ಎಂದು ಕೇಳಿದರು. ಅವನು ಕಂಬಳಿ ಸರಿಮಾಡಿಕೊಂಡು ನನ್ನ ಮುಖ ನೋಡಿದ.

"ಕುರಿ ಎಣಿಸಿದ್ರೆ ಕಣ್ಣಾಗ್ತೈತೆ ಸ್ವಾಮಿ. ಮುಖ ನೋಡಿ ಗುರ್ತು ಹಿಡೀತೀನಿ," ಅಂದ.

ಸಾಹೇಬರು ಅದನ್ನು ಅಜ್ಞಾನ ಎಂದು ತಮ್ಮ ಪುಸ್ತಕದಲ್ಲಿ ಬರೆದುಕೊಂಡರು. ನಾನೂ ಮರುಕದಿಂದ ತಲೆಯಾಡಿಸಿದೆ. ನನ್ನ ತಲೆ ಆ ಕಾಲದಲ್ಲಿ ಬಹಳ ಸಲೀಸಾಗಿ ಆಡುತ್ತಿತ್ತು.

ಇನ್ನು ಅಕ್ಕ. ಇಪ್ಪತ್ತನಾಲ್ಕು ತುಂಬುವ ಮೊದಲೇ ಗಂಡನನ್ನು ಕಳೆದುಕೊಂಡು ತವರಿಗೆ ಬಂದಿದ್ದಳು. ತವರು ಅಂದರೆ ಆಗ ನಮ್ಮ ಅಣ್ಣನ ಮನೆ, ಅಡುಗೆಮನೆ ಅತ್ತಿಗೆಯದು. ಅತ್ತಿಗೆ ಕೆಟ್ಟವಳಲ್ಲ, ಆದರೆ ಅನ್ನ ಬಡಿಸುವಾಗ ಸೌಟು ಒಂದು ಗಳಿಗೆ ಪಾತ್ರೆಯ ಮೇಲೆ ನಿಲ್ಲುತ್ತಿತ್ತು. ಆ ಗಳಿಗೆಯನ್ನು ಅಕ್ಕ ದಿನಕ್ಕೆ ಎರಡು ಹೊತ್ತು ನೋಡುತ್ತಿದ್ದಳು.

ನಮ್ಮ ಮನೆಯ ಹಾಸು ಎಣಿಸುವವಳು ಅಕ್ಕ. ಸೀರೆಯ ಉದ್ದಕ್ಕೂ ಹೋಗುವ ಎಳೆಗಳಿಗೆ ಹಾಸು ಅನ್ನುತ್ತೇವೆ. ಅಂಚಿಗೆ ಎಷ್ಟು, ಒಡಲಿಗೆ ಎಷ್ಟು ಎಂದು ಮೊದಲೇ ಎಣಿಸಿ ಬಿಡಬೇಕು, ಒಂದು ಎಳೆ ಹೆಚ್ಚುಕಡಿಮೆಯಾದರೂ ಬುಟ್ಟಾ ಸೊಟ್ಟಗಾಗುತ್ತದೆ. ಎಣಿಕೆಗೆ ನಮ್ಮ ಹೆಂಗಸರದೇ ಒಂದು ಕ್ರಮವಿತ್ತು. ಹೆಬ್ಬೆರಳನ್ನು ಉಳಿದ ನಾಲ್ಕು ಬೆರಳುಗಳ ಮೇಲೆ ಓಡಿಸುವುದು. ಒಂದೊಂದು ಬೆರಳಿಗೆ ಮೂರು ಗೆರೆ, ಒಂದು ತುದಿ, ಒಟ್ಟು ನಾಲ್ಕು. ನಾಲ್ಕು ಬೆರಳಿಗೆ ಹದಿನಾರು. ಬಲಗೈಯಲ್ಲಿ ಹದಿನಾರು ತುಂಬಿದರೆ ಒಂದು ಕೈ ಆಯಿತು ಎಂದು ಎಡಗೈಯ ಹೆಬ್ಬೆರಳು ಒಂದು ಗೆರೆ ಮುಂದೆ ಹೋಗುತ್ತದೆ. ಹೀಗೆ ಎರಡೇ ಕೈಯಲ್ಲಿ ಇನ್ನೂರೈವತ್ತಾರರವರೆಗೆ ಬಾಯಿ ಬಿಡದೆ ಎಣಿಸಬಹುದು. ಮದುವೆ ಸೀರೆಯ ಹಾಸನ್ನು ಗಂಡನಿಲ್ಲದವಳು ಮುಟ್ಟಬಾರದು ಎಂಬ ಕಟ್ಟಳೆ ನಮ್ಮಲ್ಲಿತ್ತು. ಆದರೆ ಅಕ್ಕನಷ್ಟು ಸರಿಯಾಗಿ ಎಣಿಸುವವರು ಬೀದಿಯಲ್ಲೇ ಇರಲಿಲ್ಲ. ಅದಕ್ಕೆ ಹಿರಿಯರು ದಾರಿ ಹುಡುಕಿದರು: ಅವಳು ಮಾರು ದೂರ ಕೂತು ಕಣ್ಣಿನಿಂದ ಎಣಿಸಲಿ, ಬೇರೆಯವರು ಎಳೆ ಬಿಡಲಿ. ಶಾಸ್ತ್ರವೂ ಉಳಿಯಿತು, ಸೀರೆಯೂ ಉಳಿಯಿತು. ಅಕ್ಕನ ಮಾತನ್ನು ಯಾರೂ ಕೇಳಲಿಲ್ಲ.

ಆ ವರ್ಷ ಚಳ್ಳಕೆರೆಯಲ್ಲಿ ಹೆಣ್ಣುಮಕ್ಕಳ ಪಾಠಶಾಲೆಗೆ ಒಬ್ಬ ಉಪಾಧ್ಯಾಯಿನಿ ಬೇಕೆಂದು ಸುದ್ದಿ ಬಂತು. ಓದು, ಬರಹ, ಸುಲಭ ಗಣಿತ ಬಂದರೆ ಸಾಕು, ಸಾಹೇಬರೇ ಪರೀಕ್ಷೆ ಮಾಡುತ್ತಾರೆ. ಇರಲು ಶಾಲೆಯ ಹಿಂದೆ ಒಂದು ಕೋಣೆ ಕೊಡುತ್ತಾರೆ. ಓದುಬರಹ ಅಕ್ಕನಿಗೆ ನಾನೇ ಕಲಿಸಿದ್ದೆ. ಊರಿಗೆ ಹೋದಾಗ ವಿಷಯ ಹೇಳಿದೆ. ಅವಳು ಮೊದಲು ಕೇಳಿದ್ದು ಕೋಣೆಯ ಬಗ್ಗೆ.

"ಒಲೆ ಹೂಡಾಕೆ ಜಾಗ ಐತಾ?"

"ಐತೆ," ಎಂದೆ. ಆ ದಿನ ಮಾತ್ರ ಪುಸ್ತಕದ ಕನ್ನಡ ಮರೆತಿತ್ತು.

"ಹಂಗಾದ್ರೆ ಏನು ಕಲೀಬೇಕೋ ಕಲಿಸು. ನನ್ನ ಒಲೆ ಅಂತ ಒಂದಾದ್ರೆ ಸಾಕು ನಂಗೆ."

ನನ್ನ ಬುದ್ಧಿವಂತಿಕೆ ಅಲ್ಲಿಂದ ಶುರು. ಸಾಹೇಬರ ಪರೀಕ್ಷೆ ಅಂದರೆ ಷೋಡಶಮಾನ ಬಂದೇ ಬರುತ್ತದೆ ಎಂದು ಕಿರುಹೊತ್ತಿಗೆ ಕೊಟ್ಟೆ. ಅಕ್ಕ ಮೊದಲ ವಾಕ್ಯವನ್ನು ಎರಡು ಸಲ ಓದಿ, ಹಂಗಂದ್ರೇನು ಅಂದಳು. ಹದಿನಾರರ ಲೆಕ್ಕ ಎಂದೆ.

"ಅದು ನಮ್ಮ ಕೈಲೆಕ್ಕ ಅಲ್ವೇನೋ?"

"ಅಲ್ಲ. ಇದು ಶಾಸ್ತ್ರ."

"ಎರಡಕ್ಕೂ ಏನು ವ್ಯತ್ಯಾಸ?"

ವ್ಯತ್ಯಾಸ ನನಗೂ ಗೊತ್ತಿರಲಿಲ್ಲ. ಗೊತ್ತಿಲ್ಲದವನಿಗೆ ಬರುವಂಥ ಸಿಟ್ಟು ಬಂತು. ಹಳ್ಳಿಯ ಮುಗ್ಧರ ಹಾಗೆ ಬೆರಳು ಎಣಿಸುವವಳನ್ನು ಯಾವ ಸರ್ಕಾರವೂ ಉಪಾಧ್ಯಾಯಿನಿ ಮಾಡುವುದಿಲ್ಲ ಎಂದೆ. ಸಾಹೇಬರ ಮುಂದೆ ಬೆರಳು ಆಡಿಸಿದರೆ ನನ್ನ ಮಾನವೂ ಹೋಗುತ್ತದೆ ಎಂದೆ. ನಾನು ಖಾಯಂ ಆಗುವುದು ಅವರ ಒಂದು ಷರಾದ ಮೇಲೆ ನಿಂತಿದೆ ಎಂಬುದನ್ನೂ ಹೇಳಿದೆ. ಅಕ್ಕ ಆಮೇಲೆ ವಾದಿಸಲಿಲ್ಲ. ಒಂದು ತಿಂಗಳು ರಾಟೆಯ ಮುಂದೆ ಕೂತು ಷೋಡಶಗುಣವೃದ್ಧಿಯನ್ನು ಜಪಿಸಿದಳು. ಹೆಬ್ಬೆರಳು ತಾನೇ ತಾನಾಗಿ ಓಡುತ್ತಿತ್ತು, ನಾನು ಊರಲ್ಲಿದ್ದಾಗಲೆಲ್ಲ ಕೈಗೆ ಮೆಲ್ಲಗೆ ಹೊಡೆಯುತ್ತಿದ್ದೆ. ಅಕ್ಕನಿಗಿಂತ ನಾನು ಐದು ವರ್ಷ ಚಿಕ್ಕವನು. ಕೊನೆಗೆ ಒಂದು ಉಪಾಯ ಹೇಳಿಕೊಟ್ಟೆ: ಸಾಹೇಬರ ಮುಂದೆ ನಿಂತಾಗ ಎರಡೂ ಕೈಗಳನ್ನು ಸೆರಗಿನೊಳಗೆ ಒಂದಕ್ಕೊಂದು ಬಿಗಿಯಾಗಿ ಹೆಣೆದುಕೊಂಡಿರಬೇಕು, ಏನೇ ಆದರೂ ಬಿಡಿಸಬಾರದು.

ಪರೀಕ್ಷೆಯ ದಿನ ಬೆಳಿಗ್ಗೆ ಸಾಹೇಬರನ್ನು ಕರೆತರಲು ಅವರು ಇಳಿದುಕೊಂಡಿದ್ದ ಬಂಗಲೆಗೆ ಹೋದೆ. ಅವರು ಸ್ನಾನ ಮುಗಿಸಿ ಮಣೆಯ ಮೇಲೆ ಕೂತು ಗಾಯತ್ರಿ ಮಾಡುತ್ತಿದ್ದರು. ಹೆಬ್ಬೆರಳು ಬೆರಳಿನ ಗೆರೆಯಿಂದ ಗೆರೆಗೆ ಸರಿಯುತ್ತಿತ್ತು, ಒಂದು ಸುತ್ತು ಮುಗಿದರೆ ಇನ್ನೊಂದು ಕೈಯಲ್ಲಿ ಗುರುತು. ನಾನು ಕಂಬದ ಹತ್ತಿರ ಕೈಮುಗಿದು ನಿಂತು ಅದನ್ನು ಭಕ್ತಿಯಿಂದ ನೋಡಿದೆ. ಎಷ್ಟು ಭಕ್ತಿಯಿಂದ ಅಂದರೆ, ಕಣ್ಣೆದುರು ನಡೆಯುತ್ತಿದ್ದುದು ಏನು ಎಂಬುದು ನನಗೆ ಹೊಳೆಯಲೇ ಇಲ್ಲ. ಅವರು ಮಾಡಿದರೆ ಜಪ, ಅಕ್ಕ ಮಾಡಿದರೆ ಬೆರಳೆಣಿಕೆ. ನನ್ನ ಶಿಕ್ಷಣ ಅಷ್ಟು ಗಟ್ಟಿಯಾಗಿತ್ತು.

ಶಾಲೆಯ ಕೋಣೆಯಲ್ಲಿ ನಾವು ಮೂವರೇ ಇದ್ದೆವು. ಓದು ಚೆನ್ನಾಗಿ ಆಯಿತು. ಉಕ್ತಲೇಖನದಲ್ಲಿ ಒಂದೂ ತಪ್ಪಿರಲಿಲ್ಲ. ಆಮೇಲೆ ಸಾಹೇಬರು ಕನ್ನಡಕ ಏರಿಸಿಕೊಂಡರು.

"ಏನಮ್ಮ, ಷೋಡಶಮಾನವೆಂದರೇನು?"

ಅಕ್ಕ ಕೈಗಳನ್ನು ಸೆರಗಿನೊಳಗೆ ಸೇರಿಸಿ, ಉಸಿರು ಎಳೆದುಕೊಂಡು, ಇಡೀ ವಾಕ್ಯವನ್ನು ಒಂದೇ ಉಸಿರಿನಲ್ಲಿ ಹೇಳಿದಳು. ತಾಲ್ಲೂಕಿನ ಯಾವ ಉಪಾಧ್ಯಾಯನೂ ಹಾಗೆ ಹೇಳಿರಲಿಲ್ಲ. ಸಾಹೇಬರ ಕಣ್ಣು ತುಂಬಿ ಬಂತು. ತಮ್ಮ ವಾಕ್ಯ ಅಷ್ಟು ಸೊಗಸಾಗಿದೆ ಎಂದು ಅವರಿಗೂ ಗೊತ್ತಿರಲಿಲ್ಲವೇನೋ.

"ಭೇಷ್. ಒಂದು ಸಣ್ಣ ಲೆಕ್ಕ ಮಾತ್ರ. ಹದಿಮೂರು ಮನೆ, ಮನೆಗೆ ಏಳು ಚಟಾಕು ಎಣ್ಣೆ. ಒಟ್ಟು ಎಷ್ಟು ಸೇರು, ಎಷ್ಟು ಚಟಾಕು? ಬಾಯಲ್ಲೇ ಹೇಳಬೇಕು."

ಈ ಲೆಕ್ಕವನ್ನು ಅಕ್ಕ ಎಲೆಅಡಿಕೆ ಅಗಿಯುವಷ್ಟರಲ್ಲಿ ಮಾಡುವವಳು. ಏಳೇಳು ಗೆರೆ ಹಾರಿಸುತ್ತ ಹೋದರೆ ಐದು ಕೈ ತುಂಬಿ ಹನ್ನೊಂದು ಗೆರೆ ಉಳಿಯುತ್ತದೆ. ಐದು ಸೇರು, ಹನ್ನೊಂದು ಚಟಾಕು. ಅಕ್ಕ ಬಾಯಿ ತೆರೆದಳು, ಮುಚ್ಚಿದಳು. ಸೆರಗಿನೊಳಗೆ ಕೈಗಳು ಒಂದನ್ನೊಂದು ಹಿಸುಕುತ್ತಿರುವುದು ನನಗೆ ಕಾಣುತ್ತಿತ್ತು. ನನ್ನ ಕಡೆ ನೋಡಿದಳು. ಆ ನೋಟದಲ್ಲಿ ಉತ್ತರ ಹೇಳಿಕೊಡು ಎಂಬುದಿರಲಿಲ್ಲ, ಕೈ ಬಿಡಿಸಲೇ ಎಂದು ಕೇಳುತ್ತಿದ್ದಳು, ಅಷ್ಟೇ. ನಾನು ತಲೆಯನ್ನು ಅಡ್ಡಡ್ಡ ಆಡಿಸಿದೆ.

ಸಾಹೇಬರು ಇನ್ನೆರಡು ಸಲ ಕೇಳಿ, ಹೊರಗೆ ಕೂತಿರಮ್ಮ ಎಂದರು. ಅಕ್ಕ ಜಗುಲಿಗೆ ಹೋಗಿ ಬಾಗಿಲ ಪಕ್ಕ ಕೂತಳು. ಸಾಹೇಬರು ಕಾಗದ ಮಡಿಸುತ್ತ ನನಗೆ ಹೇಳಿದರು:

"ಪಾಪ, ವ್ಯಾಖ್ಯಾನ ಅದ್ಭುತ. ಲೆಕ್ಕ ಮಾತ್ರ ಏನೂ ಬರುವುದಿಲ್ಲ. ವ್ಯಾಖ್ಯಾನ ಕಟ್ಟಿಕೊಂಡು ಆ ಎಳೆ ಮಕ್ಕಳೇನು ಮಾಡುತ್ತಾರೆ? ಈಗ ಹೊಸ ಕ್ರಮ ಬಂದಿದೆ. ಚಿಕ್ಕ ಮಕ್ಕಳಿಗೆ ಬೆರಳಿನಿಂದಲೇ ಎಣಿಕೆ ಶುರುಮಾಡಿ ಎಂದು ಮೇಲಿನಿಂದ ಬರೆದಿದ್ದಾರೆ. ಬೆರಳೆಣಿಕೆ ಚೆನ್ನಾಗಿ ಬರುವ ಹೆಂಗಸು ಸಿಕ್ಕಿದ್ದರೂ ನಾನು ತೆಗೆದುಕೊಳ್ಳುತ್ತಿದ್ದೆ. ನಿಮ್ಮ ಮನೆಯಲ್ಲಿ ಆ ರೂಢಿ ಏನಾದರೂ ಇದೆಯೇ?"

ಒಂದೇ ಮಾತು ಸಾಕಿತ್ತು. ಇದೆ ಸ್ವಾಮಿ, ಆಕೆಯನ್ನು ಒಳಗೆ ಕರೆಯಿರಿ, ಅಷ್ಟೇ. ಆದರೆ ಹಾಗೆಂದರೆ ನಾವು ಬೆರಳು ಎಣಿಸುವ ಮಗ್ಗದವರು ಎಂದಾಗುತ್ತಿತ್ತು. ಇಷ್ಟು ದಿನ ಇವರ ಹಿಂದೆ ತಲೆಯಾಡಿಸಿ ನಾನು ಅಳಿಸಿಕೊಂಡು ಬಂದದ್ದೇ ಅದನ್ನು.

"ಇಲ್ಲ ಸ್ವಾಮಿ. ನಮ್ಮದು ಓದಿದವರ ಮನೆ," ಎಂದೆ.

ಮುಂದಿನ ತಿಂಗಳು ನಾನು ಖಾಯಂ ಆದೆ. ಉಪಾಧ್ಯಾಯಿನಿಯ ಜಾಗಕ್ಕೆ ಬೇರೆ ಸೀಮೆಯಿಂದ ಒಬ್ಬಾಕೆ ಬಂದರು. ಒಳ್ಳೆಯ ಹೆಂಗಸು, ಬೆರಳೆಣಿಕೆಯೂ ಬರುತ್ತಿರಲಿಲ್ಲ, ಷೋಡಶಮಾನವೂ ಬರುತ್ತಿರಲಿಲ್ಲ. ಸಾಹೇಬರಿಗೆ ಬಡ್ತಿಯ ಮೇಲೆ ವರ್ಗವಾಯಿತು, ಅವರ ಜೊತೆಗೆ ಆ ಮಾತೂ ಊರು ಬಿಟ್ಟಿತು.

ಪರೀಕ್ಷೆಯ ಮಾರನೆಯ ದಿನವೇ ಅಕ್ಕನನ್ನು ಮನೆಗೆ ಬಿಡಲು ಗಾಡಿ ಹೂಡಿಸಿದ್ದೆ. ಚಳ್ಳಕೆರೆ ಬಿಟ್ಟಾಗಿನಿಂದ ನಾನು ಬರುವ ವರ್ಷ ಮತ್ತೆ ನೋಡೋಣ, ಗಾಬರಿಯಲ್ಲಿ ಹಾಗಾಗುತ್ತದೆ ಎಂದು ಏನೇನೋ ವಟಗುಟ್ಟುತ್ತಿದ್ದೆ. ತಳಕಿನಲ್ಲಿ ಎತ್ತುಗಳಿಗೆ ನೀರು ಕುಡಿಸಲು ಗಾಡಿಯವನು ಇಳಿದು ಹೋದ. ಆಗ ಅಕ್ಕ ಕೇಳಿದಳು:

"ಬೆರಳೆಣಿಕೆ ನಿಮ್ಮನೇಲಿ ಐತಾ ಅಂತ ಸಾಹೇಬ್ರು ಕೇಳಿದ್ರಲ್ಲ. ನೀನು ಇಲ್ಲ ಅಂದೆ. ಜಗುಲಿಗೆ ಕೇಳಿಸ್ತು."

ನಾನು ಗಾಡಿಯ ಹುಲ್ಲು ಕೆದಕುತ್ತ ಕೂತೆ. ಬೈಯಲಿ ಎಂದು ಕಾದೆ, ಬೈದಿದ್ದರೆ ಎದುರುತ್ತರ ಸಿದ್ಧವಿತ್ತು.

"ನನ್ನಿಂದ ನಿಂಗೆ ನಾಚಿಕೆ ಆತಾ ತಮ್ಮಾ?"

ಕೊಂಕಿರಲಿಲ್ಲ. ತಿಳಿದುಕೊಳ್ಳಬೇಕು ಎಂದೇ ಕೇಳಿದಳು.

"ಇಲ್ಲ ಅಕ್ಕ," ಎಂದೆ. ಎರಡು ದಿನದಲ್ಲಿ ಎರಡನೇ ಸಲ ನಾನು ಇಲ್ಲ ಅಂದಿದ್ದು.

ಮೊದಲನೆಯದನ್ನು ಸಾಹೇಬರು ನಂಬಿದ್ದರು. ಇದನ್ನು ಅಕ್ಕ ನಂಬಿದಳು.