ಮೊದಲು ಇಟ್ಟು ನೋಡುವ ಗೌಂಡಿ

ಗೃಹಸಾಲದ ಕಾಗದಕ್ಕೆ ಸಹಿ ಹಾಕುವವರು ಸ್ವಲ್ಪ ತಾಳಿ, ನಮ್ಮ ಗೌಂಡಿ ಕಾಕಾ ಏನು ಮಾಡಿದರು ಕೇಳಿ! ರಾಮತೀರ್ಥ ನಗರದಲ್ಲಿ ನಮ್ಮ ಮನೆ ಕಟ್ಟಲು ಅವರು ಖಾನಾಪುರದಿಂದ ಬರುತ್ತಿದ್ದರು. ಸಿಮೆಂಟ್ ಹಾಕುವ ಮೊದಲು ಇಟ್ಟಿಗೆಗಳನ್ನು ಹಾಗೇ ಜೋಡಿಸಿ, ಸಾಲು ನೇರವಿದೆಯೇ ಎಂದು ಒಂದು ಕಣ್ಣು ಮುಚ್ಚಿ ನೋಡುತ್ತ, "ಮೊದಲ ಇಟ್ಟು ನೋಡೂಣ್ರಿ" ಎನ್ನುತ್ತಿದ್ದರು.

ಮೇಲಂತಸ್ತಿಗೆ ಅಪ್ಪ ಹತ್ತು ಲಕ್ಷ ಸಾಲ ತೆಗೆಯಲು ಹೊರಟರು, ಇಪ್ಪತ್ತು ವರ್ಷಕ್ಕೆ. ನಾನು ಮೊಬೈಲಿನಲ್ಲಿ ಲೆಕ್ಕ ಹಾಕಿದರೆ ಒಟ್ಟು ಕಟ್ಟುವುದು ಇಪ್ಪತ್ತೊಂದು ಲಕ್ಷ!

"ಕಂತು ಹಗುರ ಐತಲ್ಲೋ," ಎಂದರು ಅಪ್ಪ.

ಅಲ್ಲೇ ಕೆಲಸದಲ್ಲಿದ್ದ ಕಾಕಾ ಲಕ್ಷಕ್ಕೊಂದರಂತೆ ಹತ್ತು ಇಟ್ಟಿಗೆ ಇಟ್ಟರು. ಪಕ್ಕದಲ್ಲಿ ಬಡ್ಡಿಗೆ ಹನ್ನೊಂದು.

"ಮಾಲಕರ, ಇದು ನಿಮ್ಮ ಮನಿ, ಇದು ಬ್ಯಾಂಕಿಂದು. ಎರಡೂ ನೀವ ಕಟ್ಟೂದು."

ಅಪ್ಪ ಎರಡೂ ಕಡೆಯ ಇಟ್ಟಿಗೆ ಎಣಿಸಿದರು. "ಮ್ಯಾಲಿಂದು ಬಿಟ್ರ ನಿಮ್ಮ ಕೆಲಸಾನ ಹೋಗತೈತಲ್ಲರಿ?"

"ಹೋಗ್ಲಿ ಬಿಡ್ರಿ. ಮುಂದ ಮ್ಯಾಲ ಕಟ್ಟಾಕ ಕಂಬದ ಕಬ್ಬಿಣದ ಸಳಿ ಉದ್ದ ಬಿಟ್ಟಿರತೇನಿ. ರೊಕ್ಕ ಕೂಡಿದಾಗ ಕರೀರಿ."

ಅಪ್ಪ ಆರು ವರ್ಷ ಹಣ ಕೂಡಿಟ್ಟರು. ಕಡಿಮೆ ಬಿದ್ದದ್ದಕ್ಕಷ್ಟೇ ಸಣ್ಣ ಸಾಲ ತೆಗೆದು ಈ ವರ್ಷ ಕಾಕಾನನ್ನು ಕರೆದರು. ಅವರು ಬಂದವರೇ ಮಾಳಿಗೆ ಹತ್ತಿ, ಒಂದು ಇಟ್ಟಿಗೆ ಇಟ್ಟು ಮೊದಲಿನಂತೆಯೇ ಒಂದು ಕಣ್ಣು ಮುಚ್ಚಿ ನೋಡಿದರು.

ನಿಮ್ಮ ಸಾಲವನ್ನು ಹೀಗೆ ಇಟ್ಟು ನೋಡಿದ್ದೀರಾ? ಯಾವ ಕಡೆ ಎಷ್ಟು ಇಟ್ಟಿಗೆ ಬಂದವು, ನನಗೂ ಬರೆದು ತಿಳಿಸಿ.