ಓಡುಗುಳಿ ಸಿಸಿನ್ನಿ ಗ್ರಂಥ ಸೇರಿದ್ದು

ಸಿಸಿನ್ನಿಯ ಕಸುಬು ಓಡಿಹೋಗುವುದು. ಇದು ಬೈಗುಳವಲ್ಲ, ಸೈನ್ಯದಲ್ಲಿ ಅವನಿಗೆ ಒಪ್ಪಿಸಿದ್ದ ಕೆಲಸವೇ ಅದು. ಗಡಿಯಾಚೆಯ ತಾರ್ಸಸ್ ಕಡೆಯ ಶತ್ರು ಸವಾರರು ಬೇಸಗೆಯಲ್ಲಿ ಬೆಟ್ಟ ಹತ್ತಿ, ನಮ್ಮ ಕುರಿಗಳನ್ನೂ ಕೈಗೆ ಸಿಕ್ಕ ಮನುಷ್ಯರನ್ನೂ ಹೊಡೆದುಕೊಂಡು ಹೋಗಲು ಬರುತ್ತಾರಲ್ಲ, ಆಗ ಸಿಸಿನ್ನಿ ನಾಲ್ಕಾರು ಮಂದಿಯ ಜೊತೆ ಅವರೆದುರು ಹೋಗಿ ನಿಲ್ಲಬೇಕು. ಒಂದೆರಡು ಬಾಣ ಬಿಡಬೇಕು. ಆಮೇಲೆ ಬಾಯಿ ಬಡಿದುಕೊಳ್ಳುತ್ತ ಕುದುರೆ ತಿರುಗಿಸಿ ಕಾಲಿಗೆ ಬುದ್ಧಿ ಹೇಳಬೇಕು. ಅವರು ಬೆನ್ನಟ್ಟಿ ಇಕ್ಕಟ್ಟಾದ ಕಣಿವೆಯೊಳಗೆ ನುಗ್ಗಿದರೆಂದರೆ, ಎರಡೂ ಬದಿಯ ಬಂಡೆಗಳ ಹಿಂದೆ ಹೊಂಚು ಹಾಕಿ ಕೂತವರು ಎದ್ದು ಮೇಲೆ ಬೀಳುತ್ತಾರೆ. ಬಯಲಲ್ಲಿ ಎದೆಯೊಡ್ಡಿ ನಿಲ್ಲುವವನು ಪೆದ್ದ, ಓಡಿ ಗೆಲ್ಲುವವನೇ ಜಾಣ ಎಂದು ನಮ್ಮ ಸಾಮ್ರಾಜ್ಯದ ಯುದ್ಧಗ್ರಂಥಗಳೆಲ್ಲ ಸಾರಿ ಹೇಳುತ್ತವೆ.

ಆದರೆ ಸಿಸಿನ್ನಿಯ ಊರಾದ ಲಿಥಾರಿ ಹಳ್ಳಿಯಲ್ಲಿ ಗ್ರಂಥ ಓದುವವರು ಯಾರು? ಹಳ್ಳಿ ಕಂಡದ್ದು ಇಷ್ಟೇ: ಒಬ್ಬ ಓಡಿದ, ಇನ್ನೊಬ್ಬ ಹೊಡೆದ. ಹೊಂಚು ಕೂತವನು ಮಧ್ಯಾಹ್ನವೆಲ್ಲ ನೆರಳಲ್ಲಿ ಬೆಳ್ಳುಳ್ಳಿ ರೊಟ್ಟಿ ತಿಂದು, ಕೊನೆಯ ಗಳಿಗೆಯಲ್ಲಿ ಎದ್ದು ಬಂದು ಶತ್ರುವಿನ ಜೀನು, ಬೆಳ್ಳಿ ಪಟ್ಟಿ ಎಲ್ಲ ಬಾಚಿಕೊಂಡು ಮನೆಗೆ ಹೋಗುತ್ತಾನೆ. ಓಡಿದವನಿಗೆ ಬೆನ್ನಿಗೊಂದು ಬಾಣ, ಹೆಂಡದಂಗಡಿಯಲ್ಲಿ ನಗು. ಮಕ್ಕಳು ಬೀದಿಯಲ್ಲಿ ಯುದ್ಧದಾಟ ಆಡುವಾಗ ಎಲ್ಲರಿಗೂ ಹೊಂಚುಗಾರನೇ ಆಗಬೇಕು. ಜಗಳವಾಡಿ ಸೋತು ಅಳುತ್ತ ನಿಂತ ಮಗುವನ್ನು ಹಿಡಿದು, “ನೀನು ಸಿಸಿನ್ನಿ” ಎನ್ನುತ್ತಿದ್ದರು. ಅವನ ಮನೆ ಮುಂದೆಯೇ ಆಡುತ್ತಿದ್ದರು, ಹಾಳಾದವು.

ಹೊಂಚುಗಾರರ ಮುಖಂಡ ಕಲೋಕಿರೋಸ್. ಮೂರು ತಲೆಮಾರಿನಿಂದ ಬಂಡೆಯ ಹಿಂದೆ ಬಚ್ಚಿಟ್ಟುಕೊಂಡ ಮನೆತನ, ಅದನ್ನೇ ಅವನು ಶೌರ್ಯ ಎಂದು ಕರೆಯುತ್ತಿದ್ದ. ದಪ್ಪ ಮೀಸೆ, ಅದಕ್ಕಿಂತ ದಪ್ಪ ಗಂಟಲು. ಅಜ್ಜನ ಖಡ್ಗವನ್ನು ಊಟಕ್ಕೆ ಕೂತಾಗಲೂ ಸೊಂಟದಿಂದ ಬಿಚ್ಚುತ್ತಿರಲಿಲ್ಲ.

ಕರಿಬಂಡೆಯ ಗೆಲುವು ಎಂದರೆ ಇವತ್ತಿಗೂ ಈ ಸೀಮೆಯಲ್ಲಿ ಜನ ಎದೆ ಉಬ್ಬಿಸುತ್ತಾರೆ. ಆ ದಿನ ನಡೆದದ್ದೇನೆಂದು ಸಿಸಿನ್ನಿಗೆ ಗೊತ್ತು. ಎಂದಿನಂತೆ ಅವನು ಓಡಿ ಬಂದ. ಪಕ್ಕದಲ್ಲಿ ವಹಾನ್ ಇದ್ದ, ಅರ್ಮೇನಿಯದವನು, ಹದಿಹರೆಯದಿಂದ ಒಂದೇ ಮಡಕೆಯಲ್ಲಿ ಉಂಡು ಬೆಳೆದ ಗೆಳೆಯ. ಹೊಂಚಿಗೆ ಗೊತ್ತುಮಾಡಿದ್ದ ಕರಿಬಂಡೆ ಬಂತು, ಹೋಯಿತು. ಹೊಂಚುಗಾರರು ಏಳಲಿಲ್ಲ. ಬಿಸಿಲಿನ ಝಳಕ್ಕೆ ಕಬ್ಬಿಣದ ಅಂಗಿ ಕಳಚಿಟ್ಟು, ಉಪ್ಪುಗಿಣ್ಣು ತಿಂದು, ಅದರ ಮೇಲೆ ದ್ರಾಕ್ಷಾರಸ ಕುಡಿದು, ಕಲೋಕಿರೋಸನ ಇಡೀ ಪಡೆ ಗೊರಕೆ ಹೊಡೆಯುತ್ತಿತ್ತು. ಸುಳ್ಳು ಓಟ ಆ ಕ್ಷಣದಲ್ಲಿ ನಿಜದ ಓಟವಾಯಿತು. ಎರಡನೆಯ ತಿರುವಿನಲ್ಲಿ ವಹಾನ್ ಕುದುರೆಯಿಂದ ಬಿದ್ದ. ಸಿಸಿನ್ನಿ ಹಿಂದಿರುಗಿ ನೋಡಿದ, ಆದರೆ ನಿಲ್ಲಲಿಲ್ಲ. ಈ ಗದ್ದಲಕ್ಕೆ ಎಚ್ಚರಾದ ಕಲೋಕಿರೋಸ್, ಬರೀ ಒಳಅಂಗಿಯಲ್ಲೇ ಓಡಿ ಬಂದು ಶತ್ರುವಿನ ಹಿಂಭಾಗಕ್ಕೆ ಬಿದ್ದ. ಅವರು ಕಣಿವೆಯೊಳಗೆ ತೀರ ಆಳಕ್ಕೆ ಹೋಗಿದ್ದರಿಂದ ಒಬ್ಬನೂ ತಪ್ಪಿಸಿಕೊಳ್ಳಲಿಲ್ಲ. ನಿದ್ದೆಯಿಂದ ಬಂದ ಗೆಲುವಾದರೂ ಗೆಲುವೇ ತಾನೆ?

ಸಿಸಿನ್ನಿ ಊರಿಗೆ ಬಂದು ಇದ್ದದ್ದನ್ನು ಇದ್ದಂತೆ ಹೇಳಿದ.

“ಓಡೋನಿಗೆ ಹಿಂದೆ ಏನಾಯ್ತು ಅಂತ ಹೇಗಯ್ಯ ಗೊತ್ತಾಗುತ್ತೆ?” ಎಂದ ಕಲೋಕಿರೋಸ್. ಹೆಂಡದಂಗಡಿ ಬಿದ್ದು ಬಿದ್ದು ನಕ್ಕಿತು. ಅಲ್ಲಿಗೆ ಆ ವಿಚಾರಣೆ ಮುಗಿಯಿತು.

ಇಷ್ಟನ್ನೆಲ್ಲ ಸಿಸಿನ್ನಿ ನುಂಗಿಕೊಂಡು ಇದ್ದುಬಿಡುತ್ತಿದ್ದನೇನೋ. ಆದರೆ ಅವನ ಮಗಳು ಥೆಕ್ಲಾ, ಊರಲ್ಲಿ ಅಷ್ಟು ಗಂಡುಗಳಿದ್ದರೂ, ಕಲೋಕಿರೋಸನ ಮಗ ಗ್ರೆಗೋರಾಸನ ಮೇಲೆಯೇ ಮನಸ್ಸಿಟ್ಟಳು. ದ್ರಾಕ್ಷಿ ತುಳಿಯುವ ತೊಟ್ಟಿಯಲ್ಲಿ ಶುರುವಾದದ್ದು. ಹುಡುಗ ಒಳ್ಳೆಯವನು, ಅಪ್ಪನ ಗಂಟಲಾಗಲಿ ಮೀಸೆಯಾಗಲಿ ಬಂದಿರಲಿಲ್ಲ. ಹುಡುಗಿ ಅನ್ನ ನೀರು ಬಿಟ್ಟಳು. ಸಿಸಿನ್ನಿ ಒಂದು ಗಡಿಗೆ ಜೇನು ಹಿಡಿದು, ಸಂತ ಥಿಯೋಡೋರನ ಹಬ್ಬದ ದಿನ ಇಗರ್ಜಿಯ ಅಂಗಳದಲ್ಲಿ ಕಲೋಕಿರೋಸನ ಮುಂದೆ ನಿಂತ.

“ಓಡುಗುಳಿ ಮನೆ ಹೆಣ್ಣನ್ನ ನನ್ನ ಮನೆಗೆ ತರೋದಾ?” ಕಲೋಕಿರೋಸ್ ಇಡೀ ಅಂಗಳಕ್ಕೆ ಕೇಳುವಂತೆ ಹೇಳಿದ. “ಹುಟ್ಟೋ ಮೊಮ್ಮಕ್ಕಳು ತೊಟ್ಟಿಲಿಂದಲೇ ಎದ್ದು ಓಡಿಬಿಡ್ತಾವೆ ಕಣಯ್ಯ!”

“ನಾನು ಓಡಿದ್ದು ಅಪ್ಪಣೆ ಮೇಲೆ.”

“ಹಂಗಾ? ಯೂಮಾಥಿಯೋಸ್ ಒಡೆಯರು ಯುದ್ಧಗ್ರಂಥ ಬರೀತಿದಾರಂತೆ. ಕರಿಬಂಡೆ ಗೆಲುವೂ ಅದರಲ್ಲಿ ಬರುತ್ತಂತೆ. ಅದರಲ್ಲಿ ನಿನ್ನ ಹೆಸರೊಂದು ಬರಲಿ ನೋಡೋಣ. ಬಂದ ದಿನವೇ, ಇದೇ ಅಂಗಳದಲ್ಲೇ, ನನ್ನ ಮಗನ ಕೈಗೆ ನಿನ್ನ ಮಗಳ ಕೈ ಕೊಡ್ತೀನಿ. ಸಂತ ಥಿಯೋಡೋರನಾಣೆ!”

ಊರೆಲ್ಲ ನಕ್ಕಿತು. ಸೇನಾಧಿಪತಿಗಳ ಗ್ರಂಥದಲ್ಲಿ ಓಡುಗುಳಿಯ ಹೆಸರು ಎಲ್ಲಿಂದ ಬಂತು? ಪಾದ್ರಿ ಕೋಸ್ಮಾ ಮಾತ್ರ ನಗಲಿಲ್ಲ. ಸಂತನ ಹಬ್ಬದ ದಿನ, ಸಂತನ ಬಾಗಿಲಲ್ಲೇ ಇಟ್ಟ ಆಣೆ ಅದು. ಜೇನನ್ನು ಕಲೋಕಿರೋಸ್ ಇಟ್ಟುಕೊಂಡ.

ಯೂಮಾಥಿಯೋಸ್ ಈ ಗಡಿಯ ಸೇನಾಧಿಪತಿಯಾಗಿದ್ದು, ಕಾಲ್ಬೆರಳು ಊದಿಸುವ ವಾಯುರೋಗದಿಂದ ನಿವೃತ್ತನಾದವನು. ಕರಿಬಂಡೆಯ ದಿನ ಅವನು ಗುಡ್ಡದ ನೆತ್ತಿಯ ಮೇಲೆ, ಚೆನ್ನಾಗಿ ಕಾಣುವಷ್ಟು ಹತ್ತಿರದಲ್ಲೂ ಬಾಣ ಮುಟ್ಟದಷ್ಟು ದೂರದಲ್ಲೂ ಇದ್ದ. ಈಗ ಕೆಳಗಿನ ತೋಟದ ಮನೆಯಲ್ಲಿ ಕಾಲನ್ನು ದಿಂಬಿನ ಮೇಲಿಟ್ಟುಕೊಂಡು, ಹಳೆಯ ಗ್ರಂಥಗಳನ್ನು ಸುತ್ತ ಹರಡಿಕೊಂಡು, ಅವುಗಳಿಂದಲೇ ಹೊಸ ಗ್ರಂಥ ತಯಾರಿಸುತ್ತಿದ್ದ. ಓಡುವ ವಿದ್ಯೆಯ ಅಧ್ಯಾಯಕ್ಕೆ ಬಂದಾಗ ಓಡಿದವನೊಬ್ಬ ಬೇಕಾದ. ಸಿಸಿನ್ನಿಗೆ ಕರೆ ಹೋಯಿತು.

“ಈಗಷ್ಟೇ ಆನೆಗಳ ಅಧ್ಯಾಯ ಮುಗೀತು,” ಎಂದ ಯೂಮಾಥಿಯೋಸ್ ಆಲಿವ್ ಬೀಜ ಉಗಿಯುತ್ತ. “ನೀನು ಆನೆ ನೋಡಿದೀಯೇನೋ?”

“ಇಲ್ಲ ಒಡೆಯರೆ.”

“ನಾನೂ ನೋಡಿಲ್ಲ. ನಮ್ಮಪ್ಪನೂ ನೋಡಿಲ್ಲ. ಆದರೆ ಹಳಬರು ಬರೆದು ಇಟ್ಟಿದಾರೆ, ಬಿಡೋಕಾಗುತ್ತಾ? ಹಂದಿಯನ್ನ ಕಿರುಚಿಸಿದರೆ ಆನೆ ದಂಡು ಹಿಂದಕ್ಕೆ ಓಡುತ್ತಂತೆ. ತಾರ್ಸಸ್‌ನವರು ಆನೆ ತಂದರೆ ನಾವು ತಯಾರು. ಅದಿರಲಿ, ನಿನ್ನ ವಿಷಯ ಹೇಳು. ಓಡೋವಾಗ ಭಯದ ನಟನೆ ಹೇಗೆ ಮಾಡ್ತಿದ್ದೆ?”

ಸುಳ್ಳು ಹೇಳಬಹುದಿತ್ತು. ಆದರೆ ಸಿಸಿನ್ನಿಗೆ ವಹಾನ್ ಬಿದ್ದದ್ದು ನೆನಪಾಯಿತು. “ನಟನೆ ಎಲ್ಲಿಂದ ಬಂತು ಒಡೆಯರೆ? ಪ್ರತಿ ಸಲವೂ ನಿಜವಾಗ್ಲೂ ಭಯ ಆಗ್ತಿತ್ತು. ಹಲ್ಲು ಕಟಕಟ ಅನ್ನೋದು. ಅವ್ವಾ ಅಂತ ಕೂಗ್ತಿದ್ದೆ. ಜೀನು ಒದ್ದೆ ಆಗೋದು.”

ಯೂಮಾಥಿಯೋಸ್ ತೊಡೆ ತಟ್ಟಿಕೊಂಡ, ಆಮೇಲೆ ವಾಯು ನೆನಪಾಗಿ ನರಳಿದ. “ಅದೇ ನೋಡು! ಇದನ್ನ ಹಳಬರು ಯಾರೂ ಬರೆದಿಲ್ಲ. ನಟನೆಯ ಭಯವನ್ನ ಶತ್ರು ನಂಬಲ್ಲ. ಹುಟ್ಟು ಹೇಡಿಯೇ ಬೇಕು!” ಪಕ್ಕದಲ್ಲಿ ಕೂತಿದ್ದ ಲಿಪಿಕಾರನಿಗೆ ಅಲ್ಲೇ ಬರೆಯಲು ಹೇಳಿದ: ಓಡುವ ಕೆಲಸಕ್ಕೆ ಸ್ವಭಾವದಿಂದಲೇ ಹೇಡಿಗಳಾದವರನ್ನು ಆರಿಸತಕ್ಕದ್ದು, ಅಂಥವನೇ ಸಿಸಿನ್ನಿ ಎಂಬ ಸವಾರ, ಅವನು ತಾಯಿಯನ್ನು ಕೂಗಿ ಜೀನನ್ನು ನೆನೆಸಿಕೊಂಡು ಓಡಿದ್ದರಿಂದಲೇ ಶತ್ರು ಮೋಸಹೋದ.

ಆಮೇಲೆ ಅವನಿಗೆ ಏನನ್ನಿಸಿತೋ, ಕನಿಕರವೋ ಏನೋ, ಹೇಳಿದ: “ನಿನ್ನ ಹೆಸರು ತೆಗೆಸಿಬಿಡಲೇನೋ? ‘ಒಬ್ಬ ಸವಾರ’ ಅಂದರೂ ನಡೆಯುತ್ತೆ. ಗ್ರಂಥ ಅಂದರೆ ರಾಜಧಾನಿಗೆ ಹೋಗೋದು. ನಾವೆಲ್ಲ ಹೋದ ಮೇಲೂ ಇರೋದು.”

ಸಿಸಿನ್ನಿಯ ಕಿವಿ ಬಿಸಿಯಾಯಿತು. ಮೊಮ್ಮಕ್ಕಳ ಮೊಮ್ಮಕ್ಕಳೂ ಓದಬಹುದಾದ ಜಾಗದಲ್ಲಿ, ಒದ್ದೆ ಜೀನಿನ ಮೇಲೆ, ತಾನು. ಮನೆಯಲ್ಲಿ ಗೋಡೆ ಕಡೆ ಮುಖ ಮಾಡಿ ಮಲಗಿದ್ದ ಥೆಕ್ಲಾ ಕಣ್ಣಿಗೆ ಕಟ್ಟಿದಳು.

“ಇರಲಿ ಒಡೆಯರೆ. ಹೆಸರು ಇರಲಿ. ಆದರೆ ಲಿಥಾರಿ ಸಿಸಿನ್ನಿ ಅಂತ ಊರನ್ನೂ ಸೇರಿಸಿ.”

“ಛೆ, ಅದಾಗಲ್ಲ. ಇಷ್ಟು ಅಂದವಾದ ಹಳೇ ಶೈಲಿಯಲ್ಲಿ ನಿಮ್ಮ ಕುರಿಹಟ್ಟಿ ಹೆಸರಾ? ರೇಷ್ಮೆಗೆ ಗೋಣಿ ತೇಪೆ ಹಾಕಿದ ಹಾಗಿರುತ್ತೆ.”

“ವಹಾನ್ ಹೆಸರಾದರೂ…”

“ಸತ್ತವರನ್ನ ಸೇರಿಸಿದರೆ ಗೆಲುವು ಸಣ್ಣದಾಗುತ್ತೆ ಕಣೋ,” ಎಂದು ಯೂಮಾಥಿಯೋಸ್ ಇನ್ನೊಂದು ಆಲಿವ್ ಬಾಯಿಗೆ ಹಾಕಿಕೊಂಡ.

ಮನೆಗೆ ಬಂದು ಹೇಳಿದಾಗ ಹೆಂಡತಿ ಆಂಥೂಸಾ ಹಿಟ್ಟಿನ ಕೈಯಲ್ಲೇ ಹಣೆ ಚಚ್ಚಿಕೊಂಡಳು. “ಹೇಡಿ ಅಂತ ಬರೆಸ್ಕೊಂಡು ಬಂದ್ರಾ? ಅದನ್ನ ಊರಲ್ಲಿ ಪುಕ್ಕಟೆ ಅಂತಿದ್ರಲ್ಲ!”

“ಹೆಸರು ಬಂತಲ್ಲ.”

“ಬಂತು. ಆ ಮೀಸೆಯವನು ಬಿಡ್ತಾನಾ? ಊರ ಹೆಸರೇ ಇಲ್ವಲ್ಲ! ಈ ಬೆಟ್ಟದಲ್ಲಿ ಮನೆಗೊಬ್ಬ ಸಿಸಿನ್ನಿ ಇದಾನೆ, ಇದು ಯಾರೋ ಏನೋ ಅಂತ ಜಾರ್ಕೋತಾನೆ.”

ಸಿಸಿನ್ನಿ ಒಲೆ ಮುಂದೆ ಕೂತು ಬಹಳ ಹೊತ್ತು ಯೋಚಿಸಿದ. ಅವನಿಗೆ ಬರುತ್ತಿದ್ದ ವಿದ್ಯೆ ಒಂದೇ.

“ಅವನೇ ಅಟ್ಟಿಸ್ಕೊಂಡು ಬರೋ ಹಾಗೆ ಮಾಡ್ಬೇಕು,” ಎಂದ. “ಗ್ರಂಥ ಊರಲ್ಲಿ ಓದೋ ದಿನ ನೀನು ಥೆಕ್ಲಾನ ಕರ್ಕೊಂಡು ಇಗರ್ಜಿ ಗೇಟಿನ ಹತ್ರ, ಅಂಜೂರದ ಮರದ ಹಿಂದೆ ನಿಂತಿರು. ನಾನು ಗೇಟು ಮುಟ್ಟಿ ತಿರುಗಿದ ತಕ್ಷಣ ಹೊರಗೆ ಬಾ. ಮತ್ತೆ, ನೋಡೇ, ನಿದ್ದೆ ಗಿದ್ದೆ ಮಾಡ್ಬೇಡ.”

“ನಾನೇನು ಕಲೋಕಿರೋಸನಾ?” ಎಂದಳು ಆಂಥೂಸಾ.

ಮುಂದಿನ ವರ್ಷ ಅದೇ ಹಬ್ಬದ ದಿನ, ಪೂಜೆ ಮುಗಿದ ಮೇಲೆ, ಯೂಮಾಥಿಯೋಸ್ ಕಳಿಸಿದ ಅಧ್ಯಾಯಗಳನ್ನು ಪಾದ್ರಿ ಕೋಸ್ಮಾ ಅಂಗಳದಲ್ಲಿ ಓದಲು ನಿಂತ. ಮೊದಲು ಆನೆಗಳು ಬಂದವು. ಅವನ್ನು ಕೇಳಿ ಮುದುಕರು ತೂಕಡಿಸಿದರು, ಹೆಂಗಸರು ಮಕ್ಕಳ ತಲೆಯಲ್ಲಿ ಹೇನು ನೋಡಿದರು. ಆಮೇಲೆ ಕರಿಬಂಡೆ ಬಂತು. “ಹೊಂಚು ಕೂತವರು ಶ್ಲಾಘನೀಯ ತಾಳ್ಮೆಯಿಂದ, ಶತ್ರು ಪೂರ್ತಿ ಒಳಗೆ ಬರುವವರೆಗೂ ಅಲುಗಾಡದೆ ಕಾದರು” ಎಂದು ಪಾದ್ರಿ ಓದಿದಾಗ ಕಲೋಕಿರೋಸ್ ಎದ್ದು ನಿಂತು ಮೀಸೆ ತಿರುವಿದ. ಗೊರಕೆಗೆ ಇಷ್ಟು ಒಳ್ಳೆಯ ಹೆಸರು ಇದೆಯೆಂದು ಸಿಸಿನ್ನಿಗೆ ಅಂದೇ ತಿಳಿದದ್ದು.

ಅದರ ಹಿಂದೆಯೇ ಆ ಸಾಲು ಬಂತು. ಹುಟ್ಟು ಹೇಡಿ, ಸಿಸಿನ್ನಿ, ತಾಯಿ, ಜೀನು.

ಅಂಗಳದ ತುಂಬ ನಗುವೋ ನಗು. ಮುದುಕರು ಕೆಮ್ಮಿ ಕೆಮ್ಮಿ ನಕ್ಕರು, ಹೇನು ನೋಡುತ್ತಿದ್ದವರು ಮಕ್ಕಳ ಬೆನ್ನಿಗೆ ಗುದ್ದಿ ನಕ್ಕರು. ಸಿಸಿನ್ನಿ ಇದನ್ನು ಮುಂಚೆಯೇ ಬಲ್ಲವನು, ವರ್ಷವಿಡೀ ಮನಸ್ಸನ್ನು ಗಟ್ಟಿಮಾಡಿಕೊಂಡವನು. ಆದರೂ ಕಣ್ಣಲ್ಲಿ ನೀರು ತುಂಬಿತು. ಕಣ್ಣೀರು ನಿಜದ್ದೇ. ಅದನ್ನು ಒರೆಸಿಕೊಳ್ಳದೆ ಅವನು ಎದ್ದ.

“ಅದು ನಾನಲ್ಲ,” ಎಂದು ತೊದಲಿದ. “ಬೇರೆ ಯಾರೋ ಸಿಸಿನ್ನಿ ಇರ್ಬೇಕು. ಊರಿನ ಹೆಸರೇ ಇಲ್ವಲ್ಲ.” ತಲೆ ತಗ್ಗಿಸಿ, ಭುಜ ಕುಗ್ಗಿಸಿ, ಗೇಟಿನ ಕಡೆ ಬಿರಬಿರನೆ ಹೆಜ್ಜೆ ಹಾಕಿದ.

ಬೆನ್ನು ಕಂಡರೆ ಕಲೋಕಿರೋಸ್ ಬಿಟ್ಟಾನೆಯೇ? “ಎಲ್ಲಿಗೋ ಓಡ್ತೀಯ!” ಎಂದು ಜನರನ್ನು ತಳ್ಳಿಕೊಂಡು ಹಿಂದೆಯೇ ಬಂದ. “ನೀನೇ ಕಣೋ ಅದು!”

“ಅಲ್ಲ ಅಂತ ಹೇಳ್ತಿದೀನಲ್ಲಪ್ಪ, ಬಿಟ್ಬಿಡು,” ಸಿಸಿನ್ನಿ ಇನ್ನೂ ಜೋರಾಗಿ ನಡೆದ.

“ಬಿಡೋದಾ? ಪಾದ್ರಿಗಳೇ, ನೀವೂ ಕೇಳಿ, ಊರವರೆಲ್ಲ ಕೇಳಿ! ಆ ದಿನ ಕರಿಬಂಡೆಯಲ್ಲಿ ಇದ್ದಿದ್ದು ಇವನೊಬ್ಬನೇ ಸಿಸಿನ್ನಿ, ಬೇರೆ ಯಾರೂ ಇರ್ಲಿಲ್ಲ. ಗ್ರಂಥದಲ್ಲಿ ಇರೋದು ನಮ್ಮ ಈ ಸಿಸಿನ್ನಿ ಹೆಸರೇ. ಸಂತ ಥಿಯೋಡೋರನಾಣೆ!”

ಸಿಸಿನ್ನಿಯ ಕೈ ಗೇಟಿನ ಕಂಬ ಮುಟ್ಟಿತು. ಅವನು ತಿರುಗಿ ನಿಂತ.

“ಹಂಗಾದ್ರೆ ಹೋದ ವರ್ಷ ಇದೇ ಸಂತನ ಮೇಲಿಟ್ಟ ಆಣೆ ಏನಾಯ್ತು ಬೀಗರೇ?”

ಅಂಜೂರದ ಮರದ ಹಿಂದಿನಿಂದ ಆಂಥೂಸಾ ಬಂದಳು. ಒಂದು ಕೈಯಲ್ಲಿ ಥೆಕ್ಲಾ, ಇನ್ನೊಂದರಲ್ಲಿ ನಿಶ್ಚಿತಾರ್ಥದ ಉಂಗುರಗಳಿದ್ದ ಬಟ್ಟೆ. ಮರದ ಇನ್ನೊಂದು ಬದಿಯಿಂದ, ಯಾರೂ ಹೇಳದಿದ್ದರೂ, ಗ್ರೆಗೋರಾಸ್ ಬಂದು ಥೆಕ್ಲಾಳ ಪಕ್ಕದಲ್ಲಿ ನಿಂತ. ಪಾದ್ರಿ ಕೋಸ್ಮಾ ಗ್ರಂಥ ಮುಚ್ಚಿ, ಬೆಳ್ಳಿ ಶಿಲುಬೆ ಕೈಗೆತ್ತಿಕೊಂಡು ದಾರಿ ಬಿಡಿಸಿಕೊಂಡು ಬರುತ್ತಿದ್ದ.

ಕಲೋಕಿರೋಸ್ ಎಡಗಡೆ ನೋಡಿದ, ಬಲಗಡೆ ನೋಡಿದ. ಒಂದೇ ಸಂತನ ಮೇಲೆ ಎರಡು ಆಣೆ ಇಟ್ಟಿದ್ದ, ಎರಡನ್ನೂ ಊರೆಲ್ಲ ಕೇಳಿತ್ತು. ಖಡ್ಗದ ಹಿಡಿ ಮುಟ್ಟಿ ನೋಡಿಕೊಂಡ, ಅದೂ ಪ್ರಯೋಜನಕ್ಕೆ ಬರಲಿಲ್ಲ. “ಮೋಸ ಇದು,” ಎಂದ ಕೊನೆಗೆ, ಸಣ್ಣ ಗಂಟಲಲ್ಲಿ.

“ಮೋಸವಲ್ಲ, ಗ್ರಂಥದಲ್ಲಿದೆ,” ಎಂದ ಪಾದ್ರಿ.

ಮತ್ತೆ ನಗು ಎದ್ದಿತು, ಈ ಸಲ ಇನ್ನೊಬ್ಬನ ಮೇಲೆ. ಉಂಗುರ ಬದಲಾಯಿಸುವಾಗ ಎಲ್ಲರೂ ಮುಂದಕ್ಕೆ ನುಗ್ಗಿದರು. ಸಿಸಿನ್ನಿ ನುಗ್ಗಲಿಲ್ಲ. ಗೇಟಿನ ಪಕ್ಕದ ಕಲ್ಲಿನ ಮೇಲೆ ಕೂತುಬಿಟ್ಟ. ಅವನ ಹಲ್ಲು ಕಟಕಟ ಎನ್ನುತ್ತಿದ್ದವು, ಯಾವಾಗಿನಂತೆ. ಆಂಥೂಸಾ ಬಂದು ಅವನ ಹೆಗಲ ಮೇಲೆ ಕೈಯಿಟ್ಟಳು.

“ನಾನು ಸರಿಯಾದ ಹೊತ್ತಿಗೆ ಬಂದ್ನಾ?” ಎಂದು ಕೇಳಿದಳು.

“ಬಂದೆ,” ಎಂದ ಸಿಸಿನ್ನಿ. “ಅವತ್ತು ಆ ಹೊಂಚುಗಾರರೂ ಹೀಗೇ ಬಂದಿದ್ದಿದ್ರೆ ವಹಾನ್ ಮದುವೆ ಊಟಕ್ಕೆ ಇರ್ತಿದ್ದ.”