ಅಕ್ಕನ ಮನೆಗೆ ನಾನು ಹಾಕಿದ ತಕರಾರು

ಕೆ.ಆರ್. ಪುರದ ಆಚೆ, ಸರ್ಕಾರಿ ಗೋಮಾಳದಲ್ಲಿ ಅಮ್ಮ ಕಟ್ಟಿದ ಮನೆ ಅದು. ಎರಡು ಕೋಣೆ, ಮೇಲೆ ಶೀಟು. ನಾನು ಮದುವೆಯಾಗಿ ಜೋಗುಪಾಳ್ಯದ ವಠಾರಕ್ಕೆ ಬಂದೆ. ಗಂಡ ಬಿಟ್ಟುಹೋದ ಅಕ್ಕ ಮಗಳನ್ನು ಕಟ್ಟಿಕೊಂಡು ಅಮ್ಮನ ಜೊತೆಯಲ್ಲೇ ಉಳಿದಳು. ಅಮ್ಮ ತೀರಿಕೊಂಡ ಮೇಲೆ, ಇಂಥ ಜಾಗದಲ್ಲಿ ಬಹಳ ವರ್ಷದಿಂದ ವಾಸವಿರುವವರಿಗೆ ಹಕ್ಕುಪತ್ರ ಕೊಡುತ್ತಾರೆಂಬ ಸುದ್ದಿ ಬಂತು. ಅಕ್ಕ ತನ್ನೊಬ್ಬಳ ಹೆಸರಿನಲ್ಲೇ ಅರ್ಜಿ ಹಾಕಿದಳು.

ಅಮ್ಮನ ವರ್ಷದ ತಿಥಿಯ ದಿನ ಕೇಳಿದೆ. "ನನ್ನ ಹೆಸರೂ ಸೇರಿಸೇ."

"ನಿಂದ್ಯಾಕೆ? ಮಳೆ ಬಂದಾಗ ನೀರು ಮೊಗೆದಿದ್ದು ನಾನು, ಅಮ್ಮನ ಹೇಲು ಉಚ್ಚೆ ಬಾಚಿದ್ದು ನಾನು. ನೀನು ಹಬ್ಬಕ್ಕೆ ಬಂದು ಹೋಳಿಗೆ ತಿಂದು ಹೋದೋಳು!"

ಊಟಕ್ಕೆ ಕುಳಿತ ನೆಂಟರೆಲ್ಲ ನಕ್ಕರು. ಅವಳು ಹೇಳಿದ್ದು ನಿಜ. ಅದಕ್ಕೇ ಹೆಚ್ಚು ಉರಿಯಿತು. ಎಲೆ ಮಡಚಿ ಎದ್ದುಬಂದೆ. ಬಸ್ಸು ಹಲಸೂರು ಮುಟ್ಟುವಷ್ಟರಲ್ಲಿ ಏನು ಮಾಡಬೇಕೆಂದು ಗೊತ್ತಾಗಿತ್ತು.

ನಮ್ಮ ರೇಷನ್ ಕಾರ್ಡಿನಲ್ಲಿ ಅಕ್ಕನ ಹೆಸರಿತ್ತು. ಒಂದು ತಲೆ ಹೆಚ್ಚಾದರೆ ಸೀಮೆಎಣ್ಣೆ ಹೆಚ್ಚು ಸಿಗುತ್ತದೆಂದು ಹಿಂದೆ ನಾನೇ ಬರೆಸಿದ್ದೆ. ವಠಾರದಲ್ಲಿ ಎಲ್ಲರೂ ಹಾಗೇ ಮಾಡುತ್ತಿದ್ದರು. ಊರಲ್ಲಿರುವ ಅತ್ತೆ, ನಾದಿನಿಯರೂ ಕಾರ್ಡಿನಲ್ಲಿ ಜೋಗುಪಾಳ್ಯದವರೇ. ಅಕ್ಕ ನಮ್ಮ ಮನೆಯಲ್ಲಿ ಒಂದು ವಾರವೂ ಇದ್ದವಳಲ್ಲ.

ತಾಲೂಕು ಕಚೇರಿಯ ಮುಂದೆ ಕೂರುವ ಅರ್ಜಿ ಬರೆಯುವವರಿಂದ, ಅಮ್ಮ ಇರುವವರೆಗೆ ಅಕ್ಕ ಅಲ್ಲಿ ವಾಸವೇ ಇರಲಿಲ್ಲವೆಂದು ತಕರಾರು ಬರೆಸಿದೆ. ನಾನು ಓದಿದ್ದು ಐದನೇ ಕ್ಲಾಸು. ಒಂದೊಂದೇ ಅಕ್ಷರ ಕೂಡಿಸಿ, ನಿಧಾನವಾಗಿ ಸಹಿ ಹಾಕಿ, ಕಾರ್ಡನ್ನೂ ಕೊಟ್ಟೆ.

ವಿಚಾರಣೆಯ ದಿನ ಅಧಿಕಾರಿ ಕಾರ್ಡು ತಿರುವಿದರು. "ಏನಮ್ಮಾ, ಹೆಸರು ಜೋಗುಪಾಳ್ಯದಲ್ಲಿದೆ, ವಾಸ ಇಲ್ಲಿ ಅಂತೀಯ?"

"ಅದು ಸೀಮೆಎಣ್ಣೆಗೆ ಹಾಕ್ಸಿದ್ದು ಸಾರ್. ಬೇಕಾದ್ರೆ ಇವಳನ್ನೇ ಕೇಳಿ." ಅಕ್ಕ ನನ್ನ ಕಡೆ ತಿರುಗಿದಳು. "ಹೇಳೇ."

ಜಗಳಕ್ಕೆ ಕಾಗದದಲ್ಲಿ ಏನೇ ಬರೆಸಿರಲಿ, ಎದುರಿಗೆ ನಿಂತು ಇಷ್ಟು ದೊಡ್ಡ ಸುಳ್ಳನ್ನು ತಂಗಿ ಹೇಳಲಾರಳು ಎಂದು ಅವಳು ನಂಬಿದ್ದಳು.

"ನಮ್ಮನೇಲೇ ಇದ್ಲು ಸಾರ್. ಅಮ್ಮ ಹೋದ್ಮೇಲೆ ಇಲ್ಲಿಗೆ ಬಂದು ಸೇರ್ಕೊಂಡ್ಲು."

ಅಕ್ಕಪಕ್ಕದವರು ಅಕ್ಕನ ಪರ ಹೇಳಿದರು. ಅವರೂ ಅರ್ಜಿದಾರರೇ ಆದ್ದರಿಂದ ಆ ಮಾತು ನಿಲ್ಲಲಿಲ್ಲ. ಅರ್ಜಿ ವಜಾ ಆಯಿತು.

ಹೊರಗೆ ಅಕ್ಕ ಕೇಳಿದಳು. "ಹೊಟ್ಟೆ ತಣ್ಣಗಾಯ್ತಾ?"

"ಇನ್ನೂ ಇಲ್ಲ" ಎಂದೆ.

ಅವಳು ಮೇಲ್ಮನವಿ ಹಾಕಿದಳು. ಅದು ಒಂದು ವರ್ಷಕ್ಕೂ ಹೆಚ್ಚು ಎಳೆಯಿತು. ನಾನು ಹೇಳಿದ್ದು ಸುಳ್ಳೆಂದು ಒಂದು ಕಾಗದ ಬರೆದುಕೊಟ್ಟಿದ್ದರೆ ಮನೆ ಉಳಿಯುತ್ತಿತ್ತು. ಅವಳ ಮಗಳು ಎರಡು ಸಲ ಬಂದಳು. "ಚಿಕ್ಕಮ್ಮ, ಇದ್ದಿದ್ದು ಹೇಳಿ, ಸಾಕು" ಎಂದಳು. ಕಾಫಿ ಕೊಟ್ಟು ಕಳಿಸಿದೆ.

ಕೊನೆಗೆ ಅಕ್ಕ ಸೋತಳು, ಒತ್ತುವರಿಯೆಂದು ಮನೆ ಕೆಡವಲು ಆದೇಶವಾಯಿತು. ಜೆಸಿಬಿ ಬರುವ ದಿನವನ್ನು ವಿಚಾರಿಸಿಕೊಂಡು, ಒಳ್ಳೆಯ ಸೀರೆ ಉಟ್ಟು ಹೋದೆ. ನೋಡಲೆಂದೇ ಹೋದದ್ದು, ಸಂತೋಷವಾಗಿತ್ತು, ಅದನ್ನು ಮುಚ್ಚಿಡುವುದಿಲ್ಲ. ಶೀಟುಗಳನ್ನು ಆಗಲೇ ಇಳಿಸಿದ್ದರು. ಅಕ್ಕ ಕಬ್ಬಿಣದ ಬೀರುವನ್ನು ಹೊಸ್ತಿಲು ದಾಟಿಸಲು ಒದ್ದಾಡುತ್ತಿದ್ದಳು. ಯಾರೋ ನಿಂತಿದ್ದಾರೆಂದು ತಿಳಿದು, ತಲೆ ಎತ್ತದೆ, "ಸ್ವಲ್ಪ ಆ ಕಡೆ ಹಿಡ್ಕೊಳ್ರೀ" ಎಂದಳು.

ನಾನು ಕೈ ಹಾಕಲಿಲ್ಲ. ಆಗ ನೋಡಿದಳು.

"ಓ, ನೀನಾ? ಸೀರೆ ಧೂಳಾಗತ್ತೆ, ಅತ್ಲಾಗೆ ನಿಂತ್ಕೋ."

ನಿಂತುಕೊಂಡೆ. ಕೊನೆಯ ಗೋಡೆ ಬೀಳುವವರೆಗೂ ಅಲ್ಲೇ ನಿಂತಿದ್ದೆ.